ಸೋಮನಿಗೆ ಹಾದಿ ಹಾಡಿದವಳು

ಹಬ್ಬಕ್ಕೆ ಎಂಟು ದಿನ ಉಳಿಯಿತೆಂದರೆ ಓಬಕ್ಕನ ನಡಿಗೆ ಬದಲಾಗುತ್ತಿತ್ತು. ಅವಳು ಕುಳ್ಳಗಿನ ಹೆಂಗಸು, ಸಣ್ಣ ಹೆಜ್ಜೆಯವಳು. ಬೆಳಿಗ್ಗೆ ಶಾಲೆಯ ಬಿಸಿಯೂಟದ ಅಡುಗೆಗೆ ಹೋಗುವಾಗ ಬೇರೆ ದಿನಗಳಲ್ಲಿ ಬೀದಿಯ ಅಂಚು ಹಿಡಿದು ಸರಸರನೆ ನಡೆದುಬಿಡುತ್ತಿದ್ದಳು. ಆ ಎಂಟು ದಿನ ಮಾತ್ರ ಬೀದಿಯ ನಟ್ಟನಡುವೆ, ಸೀರೆಯ ನೆರಿಗೆಯನ್ನು ಒಂದಿಷ್ಟು ಎತ್ತಿ ಹಿಡಿದು, ಗಂಡಸರ ಹಾಗೆ ಉದ್ದುದ್ದ ಕಾಲು ಹಾಕುತ್ತಿದ್ದಳು. ತುಟಿ ಏನನ್ನೋ ಎಣಿಸುತ್ತಿತ್ತು. ಊರಮ್ಮನ ಗುಡಿಯಿಂದ ಬೇವಿನ ಮರಕ್ಕೆ ನಲವತ್ತೆರಡು. ಬೇವಿನ ಮರದಿಂದ ಹಾಸುಗಲ್ಲಿಗೆ ಹದಿನೇಳು. ಹಾಸುಗಲ್ಲು ದಾಟಿದರೆ ಎಡಕ್ಕೆ ತಿರುವು. ಆ ತಿರುವಿನಲ್ಲಿ ಪೈಪು ಹಾಕಲು ಅಗೆದ ಗುಂಡಿ. ಅಗೆದದ್ದು ಪೂರ್ತಿ, ಮುಚ್ಚಿದ್ದು ಅರ್ಧ.

ಎದುರಿಗೆ ಬಂದವರು ಕಾಲು ನೋವೇನಕ್ಕ ಎಂದು ಕೇಳಿದರೆ ಹೂಂ, ಮಂಡಿ ಎನ್ನುತ್ತಿದ್ದಳು. ಅವಳು ಅಳೆಯುತ್ತಿದ್ದದ್ದು ಗಂಡ ಮುದ್ದಪ್ಪನ ಹೆಜ್ಜೆಯನ್ನು. ಅದು ಊರಿನಲ್ಲಿ ಇಬ್ಬರಿಗೆ ಮಾತ್ರ ಗೊತ್ತಿತ್ತು, ಅವಳಿಗೆ ಮತ್ತು ಅವನಿಗೆ.

ಹಾಲುಮರದಹಟ್ಟಿ ಹೊಸದುರ್ಗ ತಾಲ್ಲೂಕಿನ ಸಣ್ಣ ಊರು. ಅಲ್ಲಿಯ ಊರಮ್ಮನಿಗೆ ಒಬ್ಬ ಕಾವಲಿನವನಿದ್ದಾನೆ, ಕೆಂಪು ಸೋಮ. ಒಂದೇ ಮರದ ತುಂಡಿನಲ್ಲಿ ಕೆತ್ತಿದ ಮೊರದಗಲದ ಮೊಗ. ಹೊರಚಾಚಿದ ಹಲ್ಲು, ಹುರಿಮೀಸೆ, ಹೊಳೆಯುವ ದೊಡ್ಡ ಕಣ್ಣು. ವರ್ಷವೆಲ್ಲ ಗುಡಿಯೊಳಗೆ ಬಿದಿರಿನ ಬುಟ್ಟಿಯಲ್ಲಿ ಮಲಗಿರುವ ಆ ಮೊಗವನ್ನು ಯುಗಾದಿ ಕಳೆದ ಮೂರನೆಯ ಮಂಗಳವಾರ ಹೊರತೆಗೆದು, ಒಂದು ಮನೆತನದ ಗಂಡಸು ಮುಖಕ್ಕೆ ಕಟ್ಟಿಕೊಂಡು, ಬೆನ್ನಿಗೆ ಬಣ್ಣಬಣ್ಣದ ಸೀರೆ ಇಳಿಬಿಟ್ಟುಕೊಂಡು, ಕೈಯಲ್ಲಿ ಬೇವಿನ ಸೊಪ್ಪು ಹಿಡಿದು, ಕುಣಿಯುತ್ತಾ ಊರು ಸುತ್ತಬೇಕು. ಮೊಗ ಕಟ್ಟಿದ ಗಳಿಗೆಯಿಂದ ಅವನು ಮುದ್ದಪ್ಪನಲ್ಲ, ಸೋಮ. ಅವನು ಮಾತನಾಡುವಂತಿಲ್ಲ. ಅವನನ್ನು ಯಾರೂ ಹೆಸರು ಹಿಡಿದು ಕರೆಯುವಂತಿಲ್ಲ, ಮುಟ್ಟುವಂತಿಲ್ಲ. ಮನೆಯ ಮುಂದೆ ಬಂದಾಗ ಹೆಂಗಸರು ಕಾಲಿಗೆ ನೀರು ಹಾಕಬಹುದು, ಅಷ್ಟೆ. ಮೊಗ ನೆಲಕ್ಕೆ ತಾಗಿದರೆ ಮುಂದಿನ ಮೂರು ವರ್ಷ ಊರಿಗೆ ಹಬ್ಬವಿಲ್ಲ.

ಇವೆಲ್ಲಕ್ಕಿಂತ ದೊಡ್ಡದು ಇನ್ನೊಂದು ಕಟ್ಟಳೆ. ಸೋಮನನ್ನು ಹೊರುವವನ ಮೈಯಲ್ಲಿ ಊನವಿರಕೂಡದು. ಮುದ್ದಪ್ಪನಿಗಿಂತ ಮೊದಲು ಹೊರುತ್ತಿದ್ದವರು ಅವನ ದೊಡ್ಡಪ್ಪ. ಮೇವು ಕತ್ತರಿಸುವ ಯಂತ್ರಕ್ಕೆ ಅವರ ಒಂದು ಬೆರಳು ಹೋಯಿತು. ಆಸ್ಪತ್ರೆಯಿಂದ ಬಂದವರು ಮನೆಗೂ ಹೋಗದೆ ಗುಡಿಯ ಮುಂದೆ ನಿಂತು, ಬಟ್ಟೆ ಸುತ್ತಿದ ಕೈ ತೋರಿಸಿ, ಇನ್ನು ನನ್ನಿಂದಾಗದು ಎಂದಿದ್ದರಂತೆ. ಆಗ ಇಪ್ಪತ್ತೆಂಟರ ಮುದ್ದಪ್ಪನಿಗೆ ಮೊಗ ಬಂತು.

ಅದು ಬಂದ ಮೇಲೆಯೇ ಓಬಕ್ಕ ಗಂಡನನ್ನು ಸರಿಯಾಗಿ ನೋಡಿದ್ದು. ಅವಳು ಹಿರಿಯೂರಿನ ಆಚೆ ಜವನಗೊಂಡನಹಳ್ಳಿ ಕಡೆಯವಳು. ಕಡಲೆಕಾಯಿ ಬಿಡಿಸುವ ಹೆಂಗಸರ ನಡುವೆ ಬೆಳೆದವಳು, ಅವರ ಹಾಡೆಲ್ಲ ಅವಳ ಬಾಯಲ್ಲಿತ್ತು. ಮದುವೆಯಾಗಿ ಬಂದ ಹೊಸದರಲ್ಲಿ ಗಂಡನನ್ನು ಕಂಡು ಬೇಸರಪಟ್ಟಿದ್ದಳು. ನಾಲ್ಕು ಜನ ಸೇರಿದ ಕಡೆ ಕಂಬದ ಹಿಂದೆ ನಿಲ್ಲುವ ಮನುಷ್ಯ. ಬಸ್ಸಿನಲ್ಲಿ ತನ್ನ ಊರು ಬಂದರೂ ನಿಲ್ಲಿಸಿ ಎನ್ನಲು ನಾಚಿ ಮುಂದಿನ ನಿಲ್ದಾಣದಲ್ಲಿ ಇಳಿದು ನಡೆದು ಬರುವವನು. ಅಂಥವನು ಮೊಗ ಕಟ್ಟಿದ ದಿನ ಬೇರೆಯೇ ಆಗಿದ್ದ. ಎದೆಯೆತ್ತಿ ನಿಂತು, ಒಂದು ಕಾಲು ಗಾಳಿಯಲ್ಲಿ ತಡೆದು, ಊರೆಲ್ಲ ಉಸಿರು ಹಿಡಿದು ಕಾಯುವ ಹಾಗೆ ಮಾಡಿ, ಆಮೇಲೆ ಆ ಕಾಲನ್ನು ಹೂವಿನಂತೆ ಇಳಿಸಿದ. ಮರುದಿನ ಮತ್ತೆ ಕಂಬದ ಹಿಂದೆ. ವರ್ಷಕ್ಕೊಂದು ದಿನ ಕಾಣಿಸುವ ಆ ಮನುಷ್ಯನಿಗಾಗಿ ಓಬಕ್ಕ ಉಳಿದ ದಿನಗಳನ್ನೂ ಇಷ್ಟಪಡಲು ಕಲಿತಳು.

ನಾಲ್ಕು ವರ್ಷದ ಹಿಂದೆ ಅವನ ಕಣ್ಣು ಹೋಗತೊಡಗಿತು. ಮೊದಲು ಪಕ್ಕದ ನೋಟ ಹೋಯಿತು, ಆಮೇಲೆ ನಡುವಿನದಕ್ಕೂ ಮಂಜು ಕವಿಯಿತು. ಚಿತ್ರದುರ್ಗದ ಡಾಕ್ಟರು ಕಣ್ಣಿನ ನರ ಒಣಗಿದೆ, ಹೋದದ್ದು ಬರುವುದಿಲ್ಲ, ಇರುವುದನ್ನು ಕಾಯೋಣ ಎಂದು ಹನಿ ಬರೆದುಕೊಟ್ಟರು. ಇರುವುದೂ ನಿಲ್ಲಲಿಲ್ಲ. ಮುದ್ದಪ್ಪನಿಗೆ ಕಣ್ಣು ಮಂದ ಎಂದು ಊರಿಗೆ ಗೊತ್ತಿತ್ತು. ಎಷ್ಟು ಮಂದ ಎಂದು ಗೊತ್ತಿರಲಿಲ್ಲ. ಅವನು ದನಿಯಿಂದಲೇ ಜನರನ್ನು ಗುರುತಿಸಿ ಮಾತನಾಡಿಸುತ್ತಿದ್ದ, ಹೊಲಕ್ಕೆ ಹೆಂಡತಿಯ ಹಿಂದೆ ಅವಳ ಬಳೆಯ ಸದ್ದು ಹಿಡಿದು ನಡೆಯುತ್ತಿದ್ದ. ಇವಳು ಅವನನ್ನು ಒಬ್ಬನೇ ಬಿಡಲೊಲ್ಲಳು ಎಂದು ಜನ ನಗುತ್ತಿದ್ದರು.

ಮೊದಲ ವರ್ಷ ಅವರಿಬ್ಬರೂ ಯಾವ ಉಪಾಯವನ್ನೂ ಮಾಡಿರಲಿಲ್ಲ. ಇದೊಂದು ಸಲ ಆಗಲಿ, ಆಮೇಲೆ ಹೇಳಿಬಿಡೋಣ ಎಂದುಕೊಂಡಿದ್ದರು. ಆ ಊರಿನ ಪದ್ಧತಿಯಲ್ಲಿ ಸೋಮನ ಮುಂದೆ ಹೆಂಗಸರು ಒಂದು ಸಾಲು ಹಾಡುತ್ತಾರೆ, ವಾದ್ಯದವರು ಕೈ ತಡೆದು ಕೇಳಿ, ಸಾಲು ಮುಗಿದೊಡನೆ ಅರೆವಾದ್ಯ ಮತ್ತು ಡೋಲಿನಲ್ಲಿ ಒಂದು ಸುತ್ತು ಬಾರಿಸುತ್ತಾರೆ. ಹಾಡು ಹೇಳಿಕೊಡುವವಳು ಓಬಕ್ಕ. ಸೋಮ ಹಾಸುಗಲ್ಲಿನ ಹತ್ತಿರ ಬಂದಾಗ, ಅವನ ಕಾಲು ಕಲ್ಲಿನ ಅಂಚಿಗೆ ಗೇಣು ದೂರದಲ್ಲಿ ಎದ್ದದ್ದು ಅವಳಿಗೆ ಕಂಡಿತು. ಹಾಡುತ್ತಿದ್ದ ಸಾಲು ಬಾಯಲ್ಲೇ ತಿರುಗಿಕೊಂಡಿತು.

ಹಾಸುಗಲ್ಲೈತೆ ಮುಂದೆ, ಏಸು ಎತ್ತರ ಬಲ್ಲೆ,
ಗೇಣೆತ್ತಿ ಇಡು ಪಾದ ನನ ಸೋಮ.

ಸೋಮನ ಕಾಲು ಗೇಣು ಮೇಲೆದ್ದು ಕಲ್ಲಿನ ಮೇಲೆ ಇಳಿಯಿತು. ಹೆಂಗಸರು ಏನೂ ಅರಿಯದೆ ಅದೇ ಸಾಲನ್ನು ಹಿಂದಿನಿಂದ ಎತ್ತಿಕೊಂಡರು.

ಅಂದಿನಿಂದ ಅವಳು ಹಾಡು ಕಟ್ಟತೊಡಗಿದಳು. ಶಾಲೆಯ ಅಡುಗೆಮನೆಯಲ್ಲಿ ಸಾಂಬಾರು ಕದಡುತ್ತಾ ಕಟ್ಟಿದಳು, ಅಕ್ಕಿ ಆರಿಸುತ್ತಾ ಕಟ್ಟಿದಳು. ಹಳೆಯ ಹಾಡಿನ ಧಾಟಿಯಲ್ಲೇ ಇರಬೇಕು, ಕೇಳಿದವರಿಗೆ ಸ್ತುತಿಯಂತೆಯೇ ಇರಬೇಕು, ಒಳಗಿದ್ದವನಿಗೆ ಮಾತ್ರ ಎಡ ಬಲ ತಿಳಿಯಬೇಕು. ಬೇವಿನ ನೆರಳು ಎಂದರೆ ಎಡಕ್ಕೆ ಹೊರಳು. ಬೆಳ್ಳಿಯ ಗೆಜ್ಜೆ ಎಂದರೆ ಸಣ್ಣ ಹೆಜ್ಜೆ ಇಡು. ಊರು ವರ್ಷವೂ ಒಂದೇ ಥರ ಇರುವುದಿಲ್ಲ. ಒಂದು ವರ್ಷ ಸಿಮೆಂಟು ರಸ್ತೆ ಬಂತು, ಮರುವರ್ಷ ಅದರ ಮೇಲೊಂದು ಉಬ್ಬು ಬಂತು. ಪ್ರತಿ ಸಲ ಹೊಸ ಸಾಲು ಬೇಕು. ಓಬಕ್ಕ ಕಂಡದ್ದನ್ನೆಲ್ಲ ಹಾಡು ಮಾಡುತ್ತಾಳೆ ಎಂದು ಊರಿನವರು ಹೆಮ್ಮೆಪಟ್ಟರು. ಸುತ್ತಲಿನ ಹಳ್ಳಿಯ ಹೆಂಗಸರು ಕೇಳಲೆಂದೇ ಬರತೊಡಗಿದರು. ಆ ಹೊಗಳಿಕೆ ಅವಳಿಗೆ ಮುಳ್ಳಿನ ಹಾಗೆ ಚುಚ್ಚುತ್ತಿತ್ತು. ಒಂದು ಸಾಲು ತಪ್ಪಿದರೆ ಬೀಳುವುದು ಗಂಡ ಮಾತ್ರವಲ್ಲ, ಊರಿನ ಸೋಮ. ಅದು ಅವಳಿಗೆ ತಿಳಿದಿತ್ತು. ತಿಳಿದೂ ಇದೊಂದು ವರ್ಷ ಎನ್ನುತ್ತಾ ನಾಲ್ಕಾಯಿತು.

ಈ ವರ್ಷ ಹಬ್ಬದ ಹಿಂದಿನ ಸಂಜೆ ಅವಳ ತಮ್ಮನ ಮಗಳು ಮಾನಸ ಕಾಲೇಜಿನ ಐದಾರು ಸ್ನೇಹಿತರೊಂದಿಗೆ ಬಂದಳು. ಅವಳು ದಾವಣಗೆರೆಯಲ್ಲಿ ಫಾರ್ಮಸಿ ಓದುತ್ತಿದ್ದಳು. ಬಂದವರಲ್ಲಿ ಒಬ್ಬ ನೈಜೀರಿಯಾದವನು, ಬಾಗಿಲಿಗೆ ತಲೆ ಬಗ್ಗಿಸಿ ಬರಬೇಕಾದಷ್ಟು ಎತ್ತರ. ಹೆಸರು ಒಬಿನ್ನಾ. ಈ ಸೀಮೆಯಲ್ಲಿ ಮನೆಗೊಬ್ಬ ಓಬಣ್ಣ ಇರುವುದರಿಂದ ಊರಿನವರು ಒಂದು ಗಂಟೆಯೊಳಗೆ ಅವನನ್ನೂ ಓಬಣ್ಣ ಮಾಡಿಕೊಂಡರು. ಅವನು ಮೂರು ವರ್ಷದಲ್ಲಿ ಕಲಿತ ಕನ್ನಡವೆಲ್ಲ ಊಟ ಮತ್ತು ಬಸ್ಸಿಗೆ ಸಂಬಂಧಿಸಿದ್ದು. ಊಟ ಆಯ್ತಾ ಎಂದು ಅವನೇ ಎಲ್ಲರನ್ನೂ ಕೇಳುತ್ತಾ ಜಗಲಿಯ ಮೇಲೆ ಕುಳಿತ.

ಓಬಕ್ಕ ಕಡಲೆಕಾಯಿ ಬಿಡಿಸುತ್ತಿದ್ದಳು. ಒಬಿನ್ನಾ ಫೋನು ತೆಗೆದು ತನ್ನ ಊರಿನ ಒಂದು ವಿಡಿಯೊ ತೋರಿಸಿದ. ಕೆಂಪು ಮಣ್ಣಿನ ಬಯಲು. ಜನ ವೃತ್ತವಾಗಿ ನಿಂತಿದ್ದಾರೆ. ನಡುವೆ ಮರದ ಮೊಗ ಹೊತ್ತ ಒಂದು ಆಕೃತಿ, ಮೈತುಂಬ ಬಟ್ಟೆ ಮತ್ತು ನಾರು, ಒಂದು ಬೆರಳೂ ಕಾಣದಂತೆ. ಅವರ ಕಡೆ ಇದಕ್ಕೆ ಮ್ಮಾನ್ವು ಎನ್ನುತ್ತಾರಂತೆ. ತೀರಿಹೋದ ಹಿರಿಯರು ಹುತ್ತದ ಬಾಯಿಂದ ಎದ್ದು ಮಕ್ಕಳನ್ನು ನೋಡಲು ಬರುತ್ತಾರಂತೆ. ಮಾನಸ ಇದನ್ನು ಕನ್ನಡಕ್ಕೆ ತಿರುಗಿಸಿ ಹೇಳುವಾಗ ಸ್ವಲ್ಪ ಅಳುಕಿದಳು, ಅತ್ತೆ ನಂಬುತ್ತಾಳೋ ಇಲ್ಲವೋ ಎಂದು. ಓಬಕ್ಕನಿಗೆ ಅದರಲ್ಲಿ ನಂಬದಿರುವಂಥದು ಏನೂ ಕಾಣಲಿಲ್ಲ. ಹುತ್ತದಿಂದ ಬರದೆ ಇನ್ನೆಲ್ಲಿಂದ ಬರುತ್ತಾರೆ ಎಂದಳು.

ಆಮೇಲೆ ಅವಳ ಕಣ್ಣು ಮೊಗದ ಪಕ್ಕದಲ್ಲೇ ಹಿಂದುಮುಂದಾಗಿ ನಡೆಯುತ್ತಿದ್ದ ಇನ್ನೊಬ್ಬನ ಮೇಲೆ ಬಿತ್ತು. ಅವನ ತುಟಿಯಲ್ಲಿ ಗೇಣುದ್ದದ ಕೊಳಲು.

"ಇವನು ಯಾಕೆ ಬಿಡದಂಗೆ ಬೆನ್ನತ್ತಿದಾನೆ ಕೇಳು," ಎಂದಳು.

ಮಾನಸ ಕೇಳಿದಳು. ಒಬಿನ್ನಾ ಉತ್ಸಾಹದಿಂದ ಬಹಳ ಹೊತ್ತು ವಿವರಿಸಿದ, ಕೈಯಲ್ಲೇ ಕೊಳಲು ಹಿಡಿದು ತೋರಿಸಿದ.

"ಆ ಕೊಳಲು ಮಾತಾಡ್ತದಂತೆ ಅತ್ತೆ," ಎಂದಳು ಮಾನಸ. "ಮೊಗಾನ ಹೊಗಳ್ತದೆ, ಹೊಗಳ್ತಾ ಹೊಗಳ್ತಾ ದಾರೀನೂ ಹೇಳ್ತದೆ. ಒಳಗಿರೋರಿಗೆ ಕಣ್ಣು ಸರಿಯಾಗಿ ಕಾಣಲ್ಲ ನೋಡು. ಸುತ್ತ ಇರೋರಿಗೆಲ್ಲ ಅದು ಬರೀ ರಾಗ. ಅವನೊಬ್ಬನಿಗೆ ಮಾತು."

ಓಬಕ್ಕನ ಬೆರಳು ಕಡಲೆಕಾಯಿಯ ಸಿಪ್ಪೆಯಲ್ಲೇ ನಿಂತಿತು. ಒಳಗೆ ಗೋಡೆಗೊರಗಿ ಕುಳಿತಿದ್ದ ಮುದ್ದಪ್ಪ ಕೆಮ್ಮಿದ.

ಒಬಿನ್ನಾ ಇನ್ನೊಂದು ಮಾತು ಕೇಳಿದ. ಹೋದ ವರ್ಷದ ಅವಳ ಹಾಡನ್ನು ಮಾನಸ ಕೇಳಿಸಿದ್ದಳಂತೆ, ಅರ್ಥವನ್ನೂ ಹೇಳಿದ್ದಳಂತೆ. ಅದರಲ್ಲಿ ಕಲ್ಲು, ಮೆಟ್ಟಿಲು, ತಿರುವು ಅಷ್ಟೊಂದು ಯಾಕೆ ಬರುತ್ತವೆ ಎಂದು ಅವನಿಗೆ ತಿಳಿಯಬೇಕಿತ್ತು. ಕೇಳಿದವನು ಅವಳ ಮುಖ ನೋಡಿದ. ನೋಡಿ, ತಾನು ಕೇಳಬಾರದಿತ್ತೇನೋ ಎನ್ನುವಂತೆ ಫೋನನ್ನು ಮಗುಚಿ ಮಂಡಿಯ ಮೇಲಿಟ್ಟುಕೊಂಡ.

"ಹಾಡಂದ ಮ್ಯಾಲೆ ಕಲ್ಲೂ ಬರ್ತದೆ ಮುಳ್ಳೂ ಬರ್ತದೆ," ಎಂದಳು ಓಬಕ್ಕ. "ಊಟಕ್ಕೆ ಏಳ್ರಿ ಅನ್ನು."

ಮಂಗಳವಾರ ಹನ್ನೆರಡರ ಹೊತ್ತಿಗೆ ಗುಡಿಯ ಮುಂದೆ ಮೊಗ ಕಟ್ಟಿದರು. ಗುಡಿಯ ಹಿರಿಯರಾದ ಅಂಜನಪ್ಪನವರು ಮೊಗಕ್ಕೆ ಆರತಿ ಎತ್ತಿ, ಸೋಮನ ಕೈಗೆ ಬೇವಿನ ಸೊಪ್ಪು ಕೊಟ್ಟರು. ಬಿಸಿಲಿಗೆ ಸಿಮೆಂಟು ರಸ್ತೆ ಹಂಚಿನಂತೆ ಕಾದಿತ್ತು. ಓಬಕ್ಕ ಹೆಂಗಸರ ಮುಂದೆ ನಿಂತು ಮೊದಲ ಸಾಲು ಎತ್ತಿದಳು. ವಾದ್ಯ ಒಂದು ಸುತ್ತು ಬಂತು. ಸೋಮ ಕಾಲೆತ್ತಿದ. ನಲವತ್ತೆರಡು ಹೆಜ್ಜೆ, ಬೇವಿನ ನೆರಳು. ಹದಿನೇಳು ಹೆಜ್ಜೆ, ಹಾಸುಗಲ್ಲು. ಗೇಣೆತ್ತಿ ಇಟ್ಟ ಪಾದ ಕಲ್ಲಿನ ಮೇಲೆ ಕುಣಿದು ಆಚೆಗೆ ಇಳಿಯಿತು. ಎಲ್ಲವೂ ಅಳತೆಯಂತೆಯೇ ಇತ್ತು.

ಅಷ್ಟರಲ್ಲಿ ಹಿಂದಿನಿಂದ ಒಂದು ಸದ್ದು ಎದ್ದಿತು. ಸದ್ದೆಂದರೆ ಎದೆಯ ಗೂಡೇ ಅದುರುವಂಥದು. ಮುದ್ದಪ್ಪನ ಅಣ್ಣನ ಮಗ ಶಿವರಾಜ್ ಟ್ರ್ಯಾಕ್ಟರ್ ಟ್ರಾಲಿಯ ಮೇಲೆ ಆಳೆತ್ತರದ ಸ್ಪೀಕರುಗಳನ್ನು ಹೇರಿಸಿಕೊಂಡು ಬಂದಿದ್ದ. ಅವನು ಭೀಮಸಮುದ್ರದಲ್ಲಿ ಅಡಿಕೆ ಸುಲಿಯುವ ಯಂತ್ರಗಳ ರಿಪೇರಿ ಮಾಡುವವನು, ಒಳ್ಳೆಯ ಹುಡುಗ. ಈ ಸಲ ನಮ್ಮ ಸೋಮನಿಗೂ ಡಿಜೆ ಇರಲಿ ಎಂದು ಯುವಕರೆಲ್ಲ ಸೇರಿ ಮಾಡಿದ ಏರ್ಪಾಡು. ಚಿಕ್ಕಪ್ಪನಿಗೆ ಸಂತೋಷವಾಗಲಿ ಎಂದೇ ಮುಂಚೆ ಹೇಳಿರಲಿಲ್ಲ.

ಓಬಕ್ಕ ಹಾಡುತ್ತಿದ್ದಳು. ಬಾಯಿ ಆಡುತ್ತಿತ್ತು, ದನಿ ಅವಳ ಕಿವಿಗೇ ಬೀಳಲಿಲ್ಲ. ಇನ್ನೂ ಗಟ್ಟಿಯಾಗಿ ಎತ್ತಿದಳು. ಅರೆಯವನು ಬಾರಿಸುವುದನ್ನು ಬಿಟ್ಟು ನಗುತ್ತಾ ಹಿಂದಕ್ಕೆ ನೋಡಿದ.

ಸೋಮ ನಿಂತುಬಿಟ್ಟ.

ಎರಡೂ ಕಾಲು ನೆಲದ ಮೇಲೆ, ಬೇವಿನ ಸೊಪ್ಪು ಕೈಯಲ್ಲಿ ಅಲುಗದಂತೆ. ಅವನ ಎಡಕ್ಕೆ ನಾಲ್ಕು ಹೆಜ್ಜೆಯಲ್ಲಿ ಅರ್ಧ ಮುಚ್ಚಿದ ಗುಂಡಿ ಇತ್ತು. ಮೊಗ ಒಮ್ಮೆ ಬಲಕ್ಕೆ, ಒಮ್ಮೆ ಎಡಕ್ಕೆ ಹೊರಳಿತು. ಅವಳನ್ನು ಹುಡುಕುತ್ತಿದೆ ಎಂದು ಅವಳೊಬ್ಬಳಿಗೆ ಗೊತ್ತಾಯಿತು. ಜನ ಸೋಮನನ್ನು ನೋಡಿ ಕೈಮುಗಿದರು. ಏನೋ ಕೇಳುತ್ತಿದ್ದಾನೆ ಎಂದು ಯಾರೋ ಅಂದರು, ಇನ್ಯಾರೋ ಮುನಿದಿದ್ದಾನೆ ಎಂದರು. ಟ್ರಾಲಿಯ ಮೇಲಿದ್ದವರು ಅದನ್ನು ನೋಡಲೂ ಇಲ್ಲ. ಸೋಮನ ಬಲಗಾಲು ಮೆಲ್ಲಗೆ ಎದ್ದು, ಎಲ್ಲಿ ಇಳಿಯಬೇಕೆಂದು ತಿಳಿಯದೆ ಗಾಳಿಯಲ್ಲಿ ನಿಂತಿತು.

ಹೋಗಿ ಕೈ ಹಿಡಿದರೆ ಎಲ್ಲ ಮುಗಿಯಿತು. ಹಿಡಿಯದಿದ್ದರೂ ಮುಗಿಯಿತು. ಓಬಕ್ಕ ಸುತ್ತ ನೋಡಿದಳು. ಪ್ರತಿ ಬಾಗಿಲಲ್ಲೂ ಸೋಮನ ಕಾಲಿಗೆಂದು ತುಂಬಿಟ್ಟ ಕೊಡವಿತ್ತು. ಹತ್ತಿರದ ಬಾಗಿಲಿನದನ್ನು ಎತ್ತಿ ಸೊಂಟಕ್ಕಿಟ್ಟುಕೊಂಡು ಸೋಮನ ಮುಂದೆ ಹೋದಳು. ಮೊದಲು ಎಲ್ಲರೂ ಮಾಡುವ ಹಾಗೆ ಪಾದದ ಮೇಲೆ ಸುರಿದಳು. ಆಮೇಲೆ ಬಗ್ಗಿ, ಹಿಂದಕ್ಕೆ ಹೆಜ್ಜೆ ಇಡುತ್ತಾ, ಸಣ್ಣ ಧಾರೆಯಾಗಿ ನೆಲದ ಮೇಲೆ ಬಿಡುತ್ತಾ ಬಂದಳು, ಗುಂಡಿಯನ್ನು ಎಡಕ್ಕೆ ಬಿಟ್ಟು, ಬಲಕ್ಕೆ ಬಳಸಿ.

ಗಾಳಿಯಲ್ಲಿದ್ದ ಕಾಲು ಇಳಿಯಿತು. ಒಣ ನೆಲ ತಾಗಿ, ಕಾವಿಗೆ ಬೆದರಿ, ಪಕ್ಕಕ್ಕೆ ಸರಿದು, ತಣ್ಣಗಿನ ಜಾಗ ಕಂಡುಕೊಂಡಿತು. ಒಂದು ಗಳಿಗೆ ಅಲ್ಲೇ ಇತ್ತು. ಮತ್ತೊಂದು ಕಾಲು ಬಂತು. ಅದೂ ಹುಡುಕಿಕೊಂಡಿತು. ಓಬಕ್ಕನಿಗೆ ಅವನ ಪಾದ ಮಾತ್ರ ಕಾಣುತ್ತಿತ್ತು. ಅವನು ತಿಳಿದುಕೊಂಡ ಎಂದು ಆ ಹೆಬ್ಬೆರಳು ಒದ್ದೆ ನೆಲವನ್ನು ಒತ್ತಿದ ರೀತಿಯಲ್ಲೇ ಗೊತ್ತಾಯಿತು. ಸೋಮ ಎದೆಯೆತ್ತಿದ, ಸೊಪ್ಪು ಬೀಸಿದ, ಒದ್ದೆಯ ಗೆರೆಯ ಮೇಲೆ ಕುಣಿಯುತ್ತಾ ಗುಂಡಿಯ ಅಂಚಿಗೆ ಮೊಳ ದೂರದಲ್ಲಿ ತಿರುವು ದಾಟಿದ.

ಅವಳ ಕೊಡ ಬರಿದಾಯಿತು. ಅಷ್ಟರಲ್ಲಿ ತಿರುವಿನ ಮನೆಯ ಚಂದ್ರಕ್ಕ ತನ್ನ ಕೊಡ ಹಿಡಿದು ಓಡಿಬಂದಿದ್ದಳು. ಸೋಮ ಈ ವರ್ಷ ನೀರಿನ ಹಾದಿ ಕೇಳುತ್ತಿದ್ದಾನೆ ಎಂದು ಅವಳಿಗೆ ಹೊಳೆದಿತ್ತು. ಓಬಕ್ಕ ನಿಲ್ಲಿಸಿದಲ್ಲಿಂದಲೇ ಅವಳು ಸುರಿದಳು. ಅವಳ ಆಚೆ ಇನ್ನೊಬ್ಬಳು. ಬಾಗಿಲು ಬಾಗಿಲಿನಿಂದ ಹೆಂಗಸರು ಕೊಡ ತಂದರು; ಹೊಸ ಸೊಸೆಯಂದಿರು, ಮುದುಕಿಯರು, ಬಸುರಿಯೊಬ್ಬಳು ತಂಬಿಗೆಯಲ್ಲಿ. ಬೀದಿಯ ಉದ್ದಕ್ಕೂ ಕಪ್ಪನೆಯ ಒದ್ದೆ ದಾರಿಯೊಂದು ಸೋಮನ ಮುಂದೆ ಮುಂದೆ ಹಾಸಿಕೊಳ್ಳುತ್ತಾ ಹೋಯಿತು. ಸ್ಪೀಕರು ಕಿರುಚುತ್ತಲೇ ಇತ್ತು. ಸೋಮ ಅದನ್ನು ಕೇಳಿಸಿಕೊಳ್ಳದವನಂತೆ, ಅಂಗಾಲಿನಿಂದ ಊರು ನೋಡುತ್ತಾ, ಗುಡಿಯವರೆಗೆ ಕುಣಿದ. ಅಂಥ ಕುಣಿತವನ್ನು ತಾವು ನೋಡಿರಲಿಲ್ಲ ಎಂದು ವಯಸ್ಸಾದವರು ಆಮೇಲೆ ಹೇಳಿದರು.

ವಿಡಿಯೊ ಮಾಡುತ್ತಿದ್ದ ಒಬಿನ್ನಾ ಫೋನನ್ನು ಜೇಬಿಗಿಟ್ಟುಕೊಂಡು ಒಂದು ಬಾಗಿಲಿಗೆ ಒರಗಿ ನಿಂತದ್ದನ್ನು ಓಬಕ್ಕ ನೋಡಿದ್ದಳು. ಸಂಜೆ ಹೊರಡುವ ಮುನ್ನ ಅವನು ಮಾನಸಳನ್ನು ಕರೆದುಕೊಂಡು ಅವಳ ಹತ್ತಿರ ಬಂದ. ಸೋಮ ನಿಂತ ಮೇಲಿನದನ್ನು ತಾನು ತೆಗೆಯಲಿಲ್ಲ ಎಂದು ಹೇಳಿಸಿದ. ತನ್ನ ಊರಿನಲ್ಲಿ ಮೊಗದ ಒಳಗೆ ಯಾರಿದ್ದಾರೆ, ಅವರಿಗೆ ಹೇಗಿದೆ ಎಂದು ಗೊತ್ತಿದ್ದವರು ಯಾರಿಗೂ ಹೇಳುವುದಿಲ್ಲ ಎಂದೂ ಹೇಳಿಸಿದ. ಮಾನಸಳಿಗೆ ಅವನು ಯಾಕೆ ಇದನ್ನು ಹೇಳುತ್ತಿದ್ದಾನೆಂದು ತಿಳಿಯಲಿಲ್ಲ. ಓಬಕ್ಕ ಅವನ ಕೈಗೆ ಹುರಿದ ಕಡಲೆಕಾಯಿಯ ಪೊಟ್ಟಣ ಕೊಟ್ಟಳು.

ಅಲ್ಲಿಗೆ ಗುಟ್ಟು ಉಳಿದಂತಾಯಿತು. ಡಿಜೆಯಿಂದ ತೊಂದರೆಯಾಯಿತೆಂದು ಕೂಡ ಯಾರಿಗೂ ಅನ್ನಿಸಿರಲಿಲ್ಲ. ಮುಂದಿನ ವರ್ಷವೂ ಹೀಗೆಯೇ ನಡೆಯಬಹುದಿತ್ತು. ಓಬಕ್ಕ ನಿಟ್ಟುಸಿರು ಬಿಟ್ಟು ಬಾಗಿಲಲ್ಲಿ ಕುಳಿತಿದ್ದಾಗ ಚಂದ್ರಕ್ಕ ಎರಡು ಖಾಲಿ ಕೊಡ ಹಿಡಿದು ಬೀದಿಯಲ್ಲಿ ಬಂದಳು. ಕುಡಿಯಲು ಒಂದು ಚೆಂಬು ನೀರಿದ್ದರೆ ಕೊಡು ಎಂದಳು. ನಲ್ಲಿ ಬರುವುದು ಇನ್ನು ಶುಕ್ರವಾರ; ಮನೆಯಲ್ಲಿದ್ದ ಮೂರು ಕೊಡವನ್ನೂ ಸುರಿದುಬಿಟ್ಟಿದ್ದಳು.

"ಮೂರೂ ಯಾಕೆ ಸುರಿದ್ಯೆ?" ಎಂದಳು ಓಬಕ್ಕ.

"ಅವನೇ ಬಾಯ್ಬಿಟ್ಟು ಕೇಳಿದಂಗೆ ನಿಂತಿದ್ನಲ್ಲೇ. ನಮ್ಮ ಮೊಮ್ಮಗಂಗೆ ನಾಕು ತುಂಬ್ತು, ಇನ್ನೂ ಒಂದು ಮಾತಾಡಿಲ್ಲ. ಮೂರು ಕೊಡಕ್ಕೆ ಮೂರು ಮಾತು ಕೊಡು ಅಂತ ಬೇಡ್ಕಂಡೆ."

ಓಬಕ್ಕ ಚೆಂಬು ಬಿಟ್ಟು ಅವಳ ಕೈಯ ಕೊಡವನ್ನೇ ತೆಗೆದುಕೊಂಡಳು. ಒಂದು ಕೊಡ ತುಂಬ ಕೊಟ್ಟು ಕಳಿಸಿದಳು. ರಾತ್ರಿಯ ಊಟಕ್ಕೆ ಕುಳಿತಾಗ ಮುದ್ದಪ್ಪನಿಗೆ ಇದನ್ನು ಹೇಳಿದಳು. ಸೋಮನಿಗೆ ಸುಳ್ಳು ಹೇಳಿದ್ದನ್ನು ಇಷ್ಟು ವರ್ಷ ತಡೆದುಕೊಂಡಿದ್ದೆ, ಅವನು ದೊಡ್ಡವನು. ಚಂದ್ರಕ್ಕನಿಗೆ ಹೇಳಿದ್ದನ್ನು ತಡೆಯಲಾರೆ ಎಂದಳು. ಮುದ್ದಪ್ಪ ತಟ್ಟೆಯ ಅಂಚನ್ನು ಬೆರಳಲ್ಲಿ ತಡವಿದ.

"ಬೆಳಿಗ್ಗೆ ಹೋಗಾಣ," ಎಂದ. "ಇಬ್ರೂ ಹೋಗಾಣ."

ಬೆಳಿಗ್ಗೆ ಅವಳು ಅವನ ಕೈ ಹಿಡಿದುಕೊಂಡಳು. ನಾಲ್ಕು ವರ್ಷದಲ್ಲಿ ಬೀದಿಯಲ್ಲಿ ಹಾಗೆ ಹಿಡಿದದ್ದು ಅದೇ ಮೊದಲು. ಜಗಲಿಗಳ ಮೇಲೆ ಮಾತು ನಿಂತಿತು. ಮುದ್ದಪ್ಪ ಮೊದಲು ಕೈ ಬಿಡಿಸಿಕೊಳ್ಳಲು ನೋಡಿದ, ಆಮೇಲೆ ತಾನೇ ಬಿಗಿಯಾಗಿ ಹಿಡಿದ.

ಅಂಜನಪ್ಪನವರು ಅಂಗಳದಲ್ಲಿ ಎಳ್ಳು ಹರಡುತ್ತಿದ್ದರು. ಕುಂತ್ಕಳ್ರಿ ಎಂದರು. ಇಬ್ಬರೂ ಕೂರಲಿಲ್ಲ. ಓಬಕ್ಕ ನಿಂತೇ ಎಲ್ಲವನ್ನೂ ಹೇಳಿದಳು, ಕಣ್ಣಿನಿಂದ ಹಿಡಿದು ನೀರಿನವರೆಗೆ, ಎಲ್ಲಿಯೂ ಗಂಡನ ಮೇಲೆ ಹಾಕದೆ. ನಡುವೆ ಒಮ್ಮೆ ಮುದ್ದಪ್ಪ, ಅವಳದೊಬ್ಬಳದೇ ಅಲ್ಲ ಎಂದ. ಕೇಳಿ ಮುಗಿದ ಮೇಲೆ ಹಿರಿಯರು ಎಳ್ಳಿನ ಮೇಲೆ ಬೆರಳಾಡಿಸುತ್ತಾ ಕುಳಿತರು.

"ನಾಕು ವರ್ಷ," ಎಂದರು. "ಒಂದ್ಸಲನಾದ್ರೂ ಮೊಗ ವಾಲಿದ್ದು ನಾನು ಕಂಡಿಲ್ಲ."

ಎಳ್ಳಿನಿಂದ ಒಂದು ಕಲ್ಲು ಆರಿಸಿ ಎಸೆದರು.

"ಕಟ್ಟಳೆ ನಂದಲ್ಲ ಮುದ್ದಪ್ಪ. ನಿಮ್ಮ ದೊಡ್ಡಪ್ಪ ಬೆರಳಿಗೆ ಬಿಟ್ಟ. ನೀನು ಬಿಡಬೇಕು."

"ಬಿಡಾಕೇ ಬಂದಿದೀವಿ ಗೌಡ್ರೆ," ಎಂದ ಮುದ್ದಪ್ಪ. ಗುಡಿಗೆ ಹೋಗಿ, ಬುಟ್ಟಿಯ ಮುಚ್ಚಳದ ಮೇಲೆ ಎರಡೂ ಕೈ ಇಟ್ಟು, ಸ್ವಲ್ಪ ಹೊತ್ತು ಇಟ್ಟು, ತೆಗೆದ. ಅಷ್ಟೇ ಆಯಿತು. ಮೊಗ ಇನ್ನು ಶಿವರಾಜನದು.

ನೀರು ಸುರಿದ ಹೆಂಗಸರಿಗೆ ತಾನೇ ಹೇಳಬೇಕೆಂದು ಓಬಕ್ಕ ಮನೆ ಮನೆಗೆ ಹೋದಳು. ಕೆಲವರು ಅತ್ತರು, ಕೆಲವರು ನಾಲ್ಕು ವರ್ಷ ನಮ್ಮ ಕಣ್ಣಿಗೆ ಮಣ್ಣು ಹಾಕಿದೆಯಲ್ಲ ಎಂದರು. ಚಂದ್ರಕ್ಕ ಕೇಳಿಸಿಕೊಂಡು ಬಾಗಿಲು ಹಾಕಿಕೊಂಡಳು. ಎರಡು ದಿನ ಮಾತಿಲ್ಲ. ಶುಕ್ರವಾರ ನಲ್ಲಿಯ ಹತ್ತಿರ ಸಿಕ್ಕಾಗ ಅವಳೇ ಕೊಡ ಕೆಳಗಿಟ್ಟಳು.

"ನೀನು ನಿನ್ನ ಗಂಡಂಗೆ ಸುರಿದೆ. ಅದು ನಿಂದು," ಎಂದಳು. "ನಾನು ಸೋಮಂಗೇ ಸುರಿದಿದ್ದು. ಅದನ್ನ ವಾಪಸ್ ತಗಳಕೆ ನೀನ್ಯಾರೆ?"

ಚಂದ್ರಕ್ಕ ಓಬಕ್ಕನ ಕೊಡವನ್ನು ಮುಂದಕ್ಕೆಳೆದು ನಲ್ಲಿಯ ಕೆಳಗೆ ಇಟ್ಟಳು.

ಶಿವರಾಜನ ಅಭ್ಯಾಸ ಶುರುವಾದದ್ದು ಆಷಾಢದಲ್ಲಿ. ನಿಜವಾದ ಮೊಗವನ್ನು ಹಬ್ಬದವರೆಗೆ ತೆಗೆಯುವಂತಿಲ್ಲ. ಅದಕ್ಕೆ ಹಳೆಯ ಮೊರವೊಂದರಲ್ಲಿ, ಮೊಗದ ಮೂಗಿನ ಕೆಳಗೆ ಇರುವಂಥದೇ ಸೀಳು ಕೊಯ್ದು, ಮುಖಕ್ಕೆ ಕಟ್ಟಿಕೊಂಡ. ಭಾನುವಾರಗಳಲ್ಲಿ ಚಿಕ್ಕಪ್ಪನ ಅಂಗಳದಲ್ಲಿ ಕುಣಿತ. ಮುದ್ದಪ್ಪ ಬಂಡೆಯ ಮೇಲೆ ಕುಳಿತು ಕಾಲಿನ ಸದ್ದು ಕೇಳಿಯೇ ತಪ್ಪು ಹಿಡಿಯುತ್ತಿದ್ದ. ಮೊದಲ ದಿನವೇ ಶಿವರಾಜ್ ಬಟ್ಟೆ ಒಗೆಯುವ ಕಲ್ಲಿಗೆ ಎಡವಿ ಮೊರ ಸಮೇತ ಬಿದ್ದ.

"ಚಿಕ್ಕವ್ವ, ಇದ್ರಾಗೆ ನನ್ನ ಹೆಬ್ಬೆಟ್ಟು ಬಿಟ್ರೆ ಏನೂ ಕಾಣಲ್ಲ," ಎಂದ ಮಂಡಿ ಉಜ್ಜಿಕೊಳ್ಳುತ್ತಾ. "ಕಣ್ಣಿರೋನಿಗೇ ಹಿಂಗೆ. ನೀನು ಮುಂದೆ ಹಾಡಲೇಬೇಕು. ಸೋಮನ ಮುಂದೆ ಡಿಜೆ ಬರಂಗಿಲ್ಲ, ನಾನೇ ಹೇಳ್ತೀನಿ."

ಇನ್ನು ಹಾಡುವುದಿಲ್ಲ ಎಂದುಕೊಂಡಿದ್ದ ಓಬಕ್ಕ ಅಂಜನಪ್ಪನವರನ್ನು ಕೇಳಿದಳು. ಹಾಡಿಗೆ ಕಟ್ಟಳೆ ಏನೂ ಇಲ್ಲವಲ್ಲ ಎಂದು ಅವರು ಎಳ್ಳು ಮಾರಿದ ಚೀಲ ಮಡಚುತ್ತಾ ಹೇಳಿದರು. ಅವಳು ಹಾಡಿದಳು. ಶಿವರಾಜ್ ಕಲ್ಲು ಬಳಸಿ ನಡೆದ. ಎರಡನೆಯ ಸುತ್ತಿನಲ್ಲಿ ಮುದ್ದಪ್ಪ ಕೈಯೆತ್ತಿ ನಿಲ್ಲಿಸಿದ. ಸಾಲು ಒಂದು ಉಸಿರು ತಡವಾಗಿ ಬರುತ್ತಿದೆ ಎಂದ. ನಾಲ್ಕು ವರ್ಷವೂ ತಡವಾಗಿಯೇ ಬರುತ್ತಿತ್ತು ಎಂದ.

"ಮತ್ತೆ ಹೆಂಗೆ ಕುಣಿದ್ರಿ?" ಎಂದಳು ಓಬಕ್ಕ ಮುಖ ಊದಿಸಿಕೊಂಡು.

"ಹೇಳ್ತೀಯ ಅಂತ ಗೊತ್ತಿತ್ತಲ್ಲ. ಕಾಲು ಮೊದ್ಲೇ ಎತ್ತಿರ್ತಿದ್ದೆ."

ಅವಳಿಗೆ ಒಳಗಿನಿಂದ ಅದು ಹೇಗೆ ಕೇಳುತ್ತದೆಂದು ಒಮ್ಮೆಯೂ ಗೊತ್ತಿರಲಿಲ್ಲ. ಶಿವರಾಜನಿಂದ ಮೊರ ಈಸಿಕೊಂಡಳು. ಅದು ಬರೀ ಮೊರ, ಹೆಂಗಸು ಮುಟ್ಟಬಾರದೆಂಬುದೇನಿಲ್ಲ. ಮುಖಕ್ಕೆ ಕಟ್ಟಿಸಿಕೊಂಡು, ಸೀಳಿನಿಂದ ನೋಡಬಾರದೆಂದು ಕಣ್ಣೂ ಮುಚ್ಚಿಕೊಂಡಳು. ಬಿದಿರಿನ ವಾಸನೆ, ತನ್ನದೇ ಉಸಿರಿನ ಕಾವು. ಅಂಗಳ ಎಲ್ಲಿ ಮುಗಿಯುತ್ತದೆ, ಕಲ್ಲು ಯಾವ ಕಡೆಗಿದೆ ಎಂಬುದೆಲ್ಲ ಒಮ್ಮೆಲೇ ಅಳಿಸಿಹೋಯಿತು. ದೂರದಿಂದ ಮುದ್ದಪ್ಪ ಹಾಡತೊಡಗಿದ. ಅವನಿಗೆ ರಾಗವೇ ಬರುತ್ತಿರಲಿಲ್ಲ. ಶಿವರಾಜ್ ನಗುವುದು ಕೇಳಿಸಿತು. ಬೇವಿನ ನೆರಳು ಎಂದ ಮುದ್ದಪ್ಪ. ಅವಳು ಎಡಕ್ಕೆ ಒಂದು ಹೆಜ್ಜೆ ಇಟ್ಟಳು. ಬೆಳ್ಳಿಯ ಗೆಜ್ಜೆ ಎಂದ. ಇನ್ನೊಂದು, ಚಿಕ್ಕದು. ಮೂರನೆಯದಕ್ಕೆ ಕಾಲು ಏಳಲಿಲ್ಲ. ಮೈಯೆಲ್ಲ ಬಿಗಿದುಕೊಂಡು ನಿಂತಳು. ವರ್ಷ ವರ್ಷವೂ ಊರೆಲ್ಲ ನೋಡುತ್ತಿರುವಾಗ ಅವನು ಇದರೊಳಗಿಂದ ಕಾಲೆತ್ತಿ, ಗಾಳಿಯಲ್ಲಿ ತಡೆದು, ಹೂವಿನಂತೆ ಇಳಿಸುತ್ತಿದ್ದ.

"ಬಾರೆ," ಎಂದ ಮುದ್ದಪ್ಪ, ಹಾಡು ಬಿಟ್ಟು. "ಮುಂದೆ ಏನೂ ಇಲ್ಲ. ಬಾ."

ಓಬಕ್ಕ ಕಾಲೆತ್ತಿದಳು.